ವಚನಕಾರರ ತೀರ್ಥವಿಮರ್ಶೆಯೂ ತುಂಗಭದ್ರೆಯ ದಡವೂ

ಶಿವಶರಣರು ತೀರ್ಥಯಾತ್ರೆಯನ್ನೂ ನದೀಸ್ನಾನವನ್ನೂ ನಿರಾಕರಿಸಿದರೆಂಬ ಮಾತು ನಮ್ಮ ಸಾಹಿತ್ಯಚರ್ಚೆಯಲ್ಲಿ ಎಷ್ಟು ರೂಢವಾಗಿಬಿಟ್ಟಿದೆಯೆಂದರೆ, ಅದನ್ನು ಮತ್ತೊಮ್ಮೆ ಪರಿಶೀಲಿಸುವ ಅಗತ್ಯವಿದೆಯೆಂದು ಯಾರಿಗೂ ತೋರುವುದಿಲ್ಲ. ವಿದ್ಯಾರ್ಥಿಯ ಉತ್ತರಪತ್ರಿಕೆಯಿಂದ ಹಿಡಿದು ವಿದ್ವದ್ಗೋಷ್ಠಿಯ ಪ್ರಬಂಧದವರೆಗೆ ಈ ವಾಕ್ಯ ಒಂದೇ ರೂಪದಲ್ಲಿ ಸಂಚರಿಸುತ್ತದೆ. ಆದರೆ ಇದೇ ವಚನಗಳನ್ನು ನಿತ್ಯ ಪಠಿಸುವ ದಾವಣಗೆರೆ, ಹರಿಹರ, ರಾಣೆಬೆನ್ನೂರು ಸೀಮೆಯ ಭಕ್ತ ಕುಟುಂಬಗಳು ಸಂಕ್ರಾಂತಿಯ ದಿನ ತುಂಗಭದ್ರೆಯಲ್ಲಿ ಮಿಂದು, ಹೊಳೆಗೆ ಅರಿಶಿನ ಕುಂಕುಮ ಏರಿಸಿ, ದಂಡೆಯ ಮೇಲೆ ಬುತ್ತಿ ಬಿಚ್ಚಿ ಉಂಡು ಬರುತ್ತವೆ. ಒಂದೋ ನಮ್ಮ ಭಕ್ತರಿಗೆ ವಚನಗಳು ಅರ್ಥವಾಗಿಲ್ಲ. ಇಲ್ಲವೆ ನಮ್ಮ ವಿಮರ್ಶಕರಿಗೆ ವಚನಗಳೂ ಅರ್ಥವಾಗಿಲ್ಲ, ಭಕ್ತರೂ ಅರ್ಥವಾಗಿಲ್ಲ. ಎರಡನೆಯದೇ ನಿಜಕ್ಕೆ ಹೆಚ್ಚು ಹತ್ತಿರವೆಂಬುದು ನನ್ನ ಅಭಿಪ್ರಾಯ. ಅದಕ್ಕೆ ಕಾರಣಗಳನ್ನು ಪ್ರಕೃತ ಲೇಖನದಲ್ಲಿ ವಾಚಕರ ಮುಂದಿಡುತ್ತೇನೆ.

ತೀರ್ಥವಿಮರ್ಶೆಯ ವಚನಗಳನ್ನು ಈವರೆಗೆ ಓದಿರುವ ಬಗೆ ಮುಖ್ಯವಾಗಿ ಎರಡು. ವಿಚಾರವಾದಿಗಳೆನಿಸಿಕೊಂಡವರು ಇವುಗಳಲ್ಲಿ ಪೂಜಾವಿಧಿಗಳ ಸಮಗ್ರ ಖಂಡನೆಯನ್ನು ಕಾಣುತ್ತಾರೆ. ಅವರ ಪಾಲಿಗೆ ಹೊಳೆ ಬರಿಯ ಹೊಳೆ, ಅದಕ್ಕೆ ಕೈಮುಗಿಯುವವನು ಅಜ್ಞಾನಿ. ಸಂಪ್ರದಾಯದ ವ್ಯಾಖ್ಯಾನಕಾರರಾದರೋ ಈ ವಚನಗಳ ಹರಿತವನ್ನು ಮೊಂಡಾಗಿಸಲು ಯತ್ನಿಸುತ್ತಾರೆ. ಶರಣರು ಬೈದದ್ದು ಡಾಂಭಿಕ ಸ್ನಾನವನ್ನೇ ಹೊರತು ಶ್ರದ್ಧೆಯ ಸ್ನಾನವನ್ನಲ್ಲ ಎಂದು ಅವರ ಸಮಾಧಾನ. ಮೊದಲನೆಯದು ವಚನದ ಅರ್ಧವನ್ನು ಮಾತ್ರ ಓದುತ್ತದೆ. ಎರಡನೆಯದು ವಚನದಲ್ಲಿ ಇಲ್ಲದ ವಿನಾಯಿತಿಯೊಂದನ್ನು ತಾನೇ ಸೇರಿಸಿಕೊಳ್ಳುತ್ತದೆ. ಶರಣರ ಮಾತಿನಲ್ಲಿ ಇರುವ ವಾದವೇನು, ಅದರ ಆಧಾರವೇನು ಎಂಬುದನ್ನು ಎರಡೂ ಪಕ್ಷಗಳು ವಿಚಾರಿಸುವುದಿಲ್ಲ.

ಬಸವಣ್ಣನವರ ಪ್ರಸಿದ್ಧವಾದ ಒಂದು ವಚನವನ್ನೇ ತೆಗೆದುಕೊಳ್ಳೋಣ. ಕಂಡ ನೀರಿಗೆಲ್ಲ ಇಳಿದು ಮುಳುಗುವವರನ್ನೂ ಕಂಡ ಮರಕ್ಕೆಲ್ಲ ಪ್ರದಕ್ಷಿಣೆ ಬರುವವರನ್ನೂ ಅಲ್ಲಿ ಪರಿಹಾಸ್ಯ ಮಾಡಿದ್ದಾರೆ. ಪರಿಹಾಸ್ಯ ಎಲ್ಲರಿಗೂ ಕಾಣುತ್ತದೆ. ಆದರೆ ಅದರ ಹಿಂದಿರುವ ಕಾರಣ ಬಹುಮಂದಿಯ ಕಣ್ಣಿಗೆ ಬೀಳುವುದಿಲ್ಲ. ನೀರು ಕೀಳೆಂದಾಗಲಿ, ಜಡವೆಂದಾಗಲಿ, ಅಶುದ್ಧವೆಂದಾಗಲಿ ಅಲ್ಲಿ ಹೇಳಿಲ್ಲ. ಅಲ್ಲಿನ ಕಾರಣ ಒಂದೇ: ನೀರಿಗೆ ಬತ್ತುವ ಗುಣವಿದೆ, ಮರಕ್ಕೆ ಒಣಗುವ ಗುಣವಿದೆ. ಬತ್ತತಕ್ಕುದನ್ನು ಬತ್ತದುದೆಂದು ನಂಬಿದವನಿಗೆ ದೇವನನ್ನು ಅರಿಯುವ ದಾರಿ ಸಿಕ್ಕದು. ಇದು ತತ್ತ್ವದ ಮಾತಾಗಿರುವಂತೆಯೇ ಹೊಳೆಯ ದಂಡೆಯಲ್ಲಿ ಬದುಕಿದವನ ಅನುಭವದ ಮಾತೂ ಹೌದು. ಏಪ್ರಿಲ್ ತಿಂಗಳಿನಲ್ಲಿ ಹರಿಹರದ ಸೇತುವೆಯ ಮೇಲೆ ನಿಂತು ಕೆಳಗೆ ನೋಡಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಮಳೆಗಾಲದಲ್ಲಿ ದಡ ಮೀರಿ ಹರಿಯುವ ಅದೇ ತುಂಗಭದ್ರೆ ಬೇಸಗೆಯಲ್ಲಿ ಮರಳು ಬಂಡೆಗಳ ನಡುವೆ ಸಣ್ಣ ಧಾರೆಯಾಗಿ ಉಳಿಯುತ್ತದೆ. ಲಕ್ಕವಳ್ಳಿಯ ಭದ್ರಾ ಜಲಾಶಯದಿಂದ ಕುಡಿಯುವ ನೀರಿಗೆಂದು ಹೊಳೆಗೆ ಬಿಟ್ಟರೆ ಮಾತ್ರ ಕೆಲವು ದಿನ ಅದಕ್ಕೆ ಮತ್ತೆ ಜೀವ. ಬತ್ತುವ ಜಲವೆಂಬುದು ಇಲ್ಲಿ ಅಲಂಕಾರವಲ್ಲ, ವರ್ಷವರ್ಷವೂ ಕಣ್ಣೆದುರಿಗೆ ನಡೆಯುವ ಸಂಗತಿ. ಬತ್ತುತ್ತದೆಯೆಂದು ಅರಿತವನು ನೀರನ್ನು ತಿರಸ್ಕರಿಸುವನೇ, ಕಾಪಾಡುವನೇ ಎಂಬ ಪ್ರಶ್ನೆ ಇಲ್ಲಿಂದಲೇ ಹುಟ್ಟುತ್ತದೆ.

ಇದರ ಪಕ್ಕದಲ್ಲಿ ಬಸವಣ್ಣನವರ ಇನ್ನೊಂದು ವಚನವನ್ನು ಇಟ್ಟು ಓದಬೇಕು. ಹೊಲಗೇರಿಗೂ ಶಿವಾಲಯಕ್ಕೂ ನೆಲ ಬೇರೆಯಲ್ಲ, ಶೌಚಕ್ಕೂ ಆಚಮನಕ್ಕೂ ಜಲ ಬೇರೆಯಲ್ಲ ಎಂಬ ತಾತ್ಪರ್ಯದ ಆ ವಚನವನ್ನು ನಾವು ಸಾಮಾನ್ಯವಾಗಿ ಜಾತಿನಿರಸನದ ಸಂದರ್ಭದಲ್ಲಿ ಮಾತ್ರ ಉದಾಹರಿಸುತ್ತೇವೆ. ಅದು ಸರಿಯೇ. ಆದರೆ ತೀರ್ಥವಿಮರ್ಶೆಯ ಮೂಲಸೂತ್ರವೂ ಅಲ್ಲಿಯೇ ಇದೆ. ತೀರ್ಥವೆಂಬ ಕಲ್ಪನೆ ನಿಂತಿರುವುದು ಭೇದದ ಮೇಲೆ: ಈ ಘಟ್ಟದ ನೀರು ಪಾವನ, ಆ ಹಳ್ಳದ ನೀರು ಸಾಧಾರಣ, ಈ ಮಡುವಿನಲ್ಲಿ ಮಿಂದರೆ ಪುಣ್ಯ, ನೂರು ಮಾರು ಕೆಳಗೆ ಮಿಂದರೆ ಮೈ ತೊಳೆದಂತೆ ಮಾತ್ರ. ಜಲ ಒಂದೇ ಎಂದವರು ಈ ಭೇದವನ್ನೇ ಅಳಿಸಿಹಾಕಿದರು. ಗಮನಿಸಬೇಕಾದ ಅಂಶವೆಂದರೆ, ಈ ಅಳಿಸುವಿಕೆಯಿಂದ ಪಾವನವಾದದ್ದು ಸಾಧಾರಣದ ಮಟ್ಟಕ್ಕೆ ಇಳಿಯಲಿಲ್ಲ. ಸಾಧಾರಣವಾದದ್ದು ಪಾವನದ ಮಟ್ಟಕ್ಕೆ ಏರಿತು. ವಿಚಾರವಾದಿ ವಿಮರ್ಶೆ ಎಡವುವುದು ಇಲ್ಲಿಯೇ.

ಸೂತಕದ ವಿಚಾರವನ್ನು ಬಿಟ್ಟು ಈ ಪ್ರಶ್ನೆಯನ್ನು ಬಗೆಹರಿಸಲಾಗದು. ವೈದಿಕ ಆಚಾರದಲ್ಲಿ ನದೀಸ್ನಾನಕ್ಕೆ ಇರುವ ಪ್ರಾಧಾನ್ಯ ಬಹುಪಾಲು ಸೂತಕ ನಿವಾರಣೆಗೆ ಸಂಬಂಧಿಸಿದ್ದು. ಹುಟ್ಟಿದರೆ ಸೂತಕ, ಸತ್ತರೆ ಸೂತಕ, ಗ್ರಹಣ ಹಿಡಿದರೆ ಸ್ನಾನ, ಬಿಟ್ಟರೆ ಸ್ನಾನ. ಕೊನೆಗೆ ಅಸ್ಥಿಯೂ ಹೊಳೆಗೇ ಸೇರಬೇಕು. ಜನನ, ಮರಣ, ರಜಸ್ಸು, ಉಚ್ಛಿಷ್ಟ, ಜಾತಿಗಳೆಂಬ ಪಂಚಸೂತಕಗಳನ್ನು ಲಿಂಗಧಾರಿಗೆ ಇಲ್ಲವೆಂದು ಸಾರಿದ ಮೇಲೆ ಹೊಳೆಗೆ ಆ ಕೆಲಸ ಉಳಿಯುವುದಿಲ್ಲ. ದೇಹವನ್ನು ಸಮಾಧಿ ಮಾಡುವ ಸಂಪ್ರದಾಯವುಳ್ಳವರಿಗೆ ಅಸ್ಥಿವಿಸರ್ಜನೆಯ ಪ್ರಶ್ನೆಯೂ ಏಳದು. ಹೀಗೆ ಶರಣರು ಹೊಳೆಯಿಂದ ಕಿತ್ತುಕೊಂಡದ್ದು ಕೊಳೆ ತೊಳೆಯುವ, ಪಾಪ ಹೊರುವ ಊಳಿಗವನ್ನು. ಇದು ಹೊಳೆಗೆ ಮಾಡಿದ ಅವಮಾನವೇ, ಉಪಕಾರವೇ? ಊರಿನವರ ಪಾಪವನ್ನೆಲ್ಲ ಹೊತ್ತು ಸಾಗಬೇಕಾದ ಒಂದು ಹೊರೆ ಅದರ ಬೆನ್ನಿನಿಂದ ಇಳಿಯಿತೆಂದು ನಾನು ತಿಳಿಯುತ್ತೇನೆ.

ಅಂಕಿತಗಳ ಕಡೆಗೂ ಒಂದು ಮಾತು. ಮುಳುಗುವವರನ್ನು ನಕ್ಕ ಬಸವಣ್ಣನವರು ತಮ್ಮ ಪ್ರತಿಯೊಂದು ವಚನವನ್ನೂ ಮುಗಿಸುವುದು ಎರಡು ಹೊಳೆಗಳು ಸೇರುವ ಜಾಗದ ಹೆಸರಿನಿಂದ. ಕೃಷ್ಣೆ ಮಲಪಹಾರಿಗಳು ಕೂಡುವ ಸ್ಥಳ ಕೂಡಲಸಂಗಮ. ‘ಕೂಡಲು’ ಎಂಬ ಅಚ್ಚಗನ್ನಡ ಶಬ್ದಕ್ಕೂ ‘ಸಂಗಮ’ ಎಂಬ ಸಂಸ್ಕೃತ ಶಬ್ದಕ್ಕೂ ಅರ್ಥ ಒಂದೇ. ಆ ಹೆಸರಿನಲ್ಲಿ ಎರಡು ಹೊಳೆಗಳು ಕೂಡಿದಂತೆ ಎರಡು ಭಾಷೆಗಳೂ ಕೂಡಿವೆ. ನಮ್ಮ ತುಂಗೆ ಭದ್ರೆಯರು ಸೇರುವ ಊರೂ ಕೂಡ್ಲಿಯೇ, ಅಲ್ಲಿಯೂ ಸಂಗಮೇಶ್ವರನೇ. ಹರಿಹರನ ಬಸವರಾಜದೇವರ ರಗಳೆಯಲ್ಲಿ ಬಸವಣ್ಣನವರು ಸಂಗಮವನ್ನು ಬಿಟ್ಟು ಹೊರಡಬೇಕಾದಾಗ ಪಡುವ ಸಂಕಟದ ಭಾಗವನ್ನು ಓದಿದವರು, ಸ್ಥಳದ ಮೇಲೆ ಶರಣರಿಗೆ ಮಮತೆಯೇ ಇರಲಿಲ್ಲವೆಂದು ಹೇಳಲಾರರು. ಮಮತೆ ಇತ್ತು. ಆ ಮಮತೆಯನ್ನು ಪುಣ್ಯದ ಲೆಕ್ಕಕ್ಕೆ ಜಮಾ ಮಾಡಲಿಲ್ಲ, ಅಷ್ಟೆ.

ಇನ್ನು ಅಷ್ಟಾವರಣಗಳಲ್ಲಿ ಜಲಕ್ಕೆ ಸಂದಿರುವ ಸ್ಥಾನ. ಗುರು ಲಿಂಗ ಜಂಗಮಗಳ ತರುವಾಯ ಬರುವುದೇ ಪಾದೋದಕ. ಷಟ್‌ಸ್ಥಲ ಶಾಸ್ತ್ರಕಾರರು ಅದನ್ನು ದಶವಿಧವಾಗಿ ವಿಂಗಡಿಸಿ ಸೂಕ್ಷ್ಮವಾಗಿ ವಿವೇಚಿಸಿದ್ದಾರೆ. ಆ ವಿವರಗಳಿಗೆ ಇಲ್ಲಿ ಹೋಗುವುದಿಲ್ಲ. ನಮಗೆ ಬೇಕಾದ ಅಂಶ ಇಷ್ಟು: ನೀರು ತೀರ್ಥವಾಗುವುದು ಸ್ಥಳದಿಂದಲ್ಲ, ಸಂಬಂಧದಿಂದ. ಲಿಂಗಕ್ಕೆ ಮಜ್ಜನ ಮಾಡಿಸುವ ನೀರಿಗೆ ವಚನಕಾರರು ಬಳಸಿದ ಸೊಗಸಾದ ಶಬ್ದ ‘ಅಗ್ಘವಣಿ’. ಹುಲಿಗೆರೆಯ ಹೊನ್ನಯ್ಯನೆಂಬ ಶರಣನಿಗೆ ಅದೇ ಕಾಯಕ, ಅದೇ ಹೆಸರಿನ ಮುಂದಣ ಗೌರವ. ಅಗ್ಘವಣಿ ಹೊನ್ನಯ್ಯನೆಂದೇ ಆತ ಪ್ರಸಿದ್ಧ. ನೀರು ಹೊರುವುದು ಆಳಿನ ಕೆಲಸವೆಂದು ಎಣಿಸುತ್ತಿದ್ದ ಕಾಲದಲ್ಲಿ ಅದು ಶರಣನ ಬಿರುದಾಯಿತು. ಹೊಳೆಯ ನೀರಾಗಲಿ, ಬಾವಿಯ ನೀರಾಗಲಿ, ಹೊತ್ತು ತಂದವನ ಶ್ರದ್ಧೆಯಿಂದ ಅದು ಅಗ್ಘವಣಿ.

ದಾವಣಗೆರೆಯ ವಿನೋಬನಗರದಲ್ಲಿ ವಾಸಿಸುವ ನನ್ನಂಥವರಿಗೆ ಈ ಮಾತು ಬೇರೊಂದು ರೀತಿಯಲ್ಲಿ ಸತ್ಯವಾಗಿದೆ. ಈ ನಗರಕ್ಕೆ ನೀರು ಬರುವುದು ಹರಿಹರದ ಬಳಿಯ ರಾಜನಹಳ್ಳಿಯಲ್ಲಿ ತುಂಗಭದ್ರೆಯಿಂದ ಎತ್ತಿದ್ದು, ಇಲ್ಲವೆ ಭದ್ರಾ ನಾಲೆಯಿಂದ ಕುಂದವಾಡ ಕೆರೆ, ಟಿ.ವಿ. ಸ್ಟೇಷನ್ ಕೆರೆಗಳಿಗೆ ತುಂಬಿಸಿದ್ದು. ಬೆಳಗಿನ ಜಾವ ನಲ್ಲಿಯಲ್ಲಿ ನೀರು ಬಂದಾಗ ನಮ್ಮ ಕಡೆಯ ಹೆಣ್ಣುಮಕ್ಕಳು ತಂಬಿಗೆಯೊಂದನ್ನು ಬೆಳಗಿ, ಮೊದಲ ನೀರನ್ನು ಪೂಜೆಗೆಂದು ಹಿಡಿದಿಟ್ಟು, ಆ ಮೇಲೆ ಬಿಂದಿಗೆ ಹಂಡೆಗಳನ್ನು ತುಂಬಿಕೊಳ್ಳುತ್ತಾರೆ. ಅದೇ ನಲ್ಲಿ, ಅದೇ ನೀರು. ಕರಸ್ಥಲದ ಲಿಂಗಕ್ಕೂ ಅದೇ, ಅಂಗಳಕ್ಕೂ ಅದೇ. ಜಲ ಒಂದೇ ಎಂಬ ಮಾತನ್ನು ಯಾವ ಭಾಷ್ಯದ ನೆರವೂ ಇಲ್ಲದೆ ಅವರು ದಿನವೂ ಆಚರಿಸುತ್ತಿದ್ದಾರೆ. ಹದಿನಾಲ್ಕು ಕಿಲೋಮೀಟರು ದೂರದ ಹೊಳೆ ಕೊಳವೆಯಲ್ಲಿ ಮನೆಗೆ ಬಂದಿದೆಯೆಂದ ಮೇಲೆ, ಹೊಳೆಗೆ ಹೋಗಿ ಮೀಯುವುದರಲ್ಲಿ ವಿಶೇಷವೇನೆಂದು ಕೇಳುವವರಿದ್ದಾರೆ.

ಇದೇ ಪ್ರಶ್ನೆಯನ್ನು ನಾನು ಪ್ರೌಢಶಾಲೆಯಲ್ಲಿ ಕನ್ನಡ ಪಾಠ ಹೇಳುತ್ತಿದ್ದಾಗ ಒಬ್ಬ ಹುಡುಗ ತುಸು ತುಂಟತನದಿಂದ ಕೇಳಿದ್ದ: “ಸಾರ್, ಬಸವಣ್ಣನವರು ಬೇಡ ಅಂದ ಮೇಲೆ ನಮ್ಮ ಅವ್ವ ಸಂಕ್ರಾಂತಿಗೆ ಹೊಳೆಗೆ ಯಾಕೆ ಹೋಗ್ತಾಳೆ?” ಅವನ ಅವ್ವನನ್ನೇ ಕೇಳಿ ಬಾ ಎಂದು ಕಳಿಸಿದೆ. ಮರುದಿನ ಅವನು ತಂದ ಉತ್ತರ: “ವರ್ಷವೆಲ್ಲಾ ನೀರು ಕೊಡ್ತಾಳೆ, ಒಂದು ದಿನ ನೋಡಿಕೊಂಡು ಬರಬಾರದಾ ಅಂದಳು ಸಾರ್.” ಪುಣ್ಯದ ಮಾತಿಲ್ಲ, ಪಾಪ ಕಳೆಯುವ ಮಾತಿಲ್ಲ. ತವರಿನವರನ್ನು ನೋಡಿಕೊಂಡು ಬರುವ ಹಾಗೆ ಹೊಳೆಯನ್ನು ನೋಡಿಕೊಂಡು ಬರುವುದು. ಸಜ್ಜೆಯ ರೊಟ್ಟಿ, ಶೇಂಗಾ ಹೋಳಿಗೆ, ಎಳ್ಳು ಬೆಲ್ಲಗಳ ಬುತ್ತಿ ಕಟ್ಟಿಕೊಂಡು ಹೋಗುವ ಈ ಆಚರಣೆಗೂ, ತೀರ್ಥಮಾಹಾತ್ಮ್ಯಗಳು ಫಲಶ್ರುತಿ ಹೇಳುವ ಸ್ನಾನಕ್ಕೂ ಇರುವ ಅಂತರವನ್ನು ನಮ್ಮ ವಿಮರ್ಶೆ ಗುರುತಿಸಿಲ್ಲ. ಬಸವಣ್ಣನವರ ಪರಿಹಾಸ್ಯ ತಟ್ಟುವುದು ಎರಡನೆಯದಕ್ಕೆ. ಮೊದಲನೆಯದನ್ನು ಅವರು ಬೈದಂತೆ ನನಗೆ ತೋರುವುದಿಲ್ಲ.

ಅಕ್ಕಮಹಾದೇವಿಯ ವಚನವೊಂದು ಈ ದೃಷ್ಟಿಗೆ ಒತ್ತಾಸೆಯಾಗಿದೆ. ಎಲ್ಲವನ್ನೂ ತೊರೆದು ಹೊರಟ ಅಕ್ಕ ತನಗೆ ಉಳಿದಿರುವ ಆಸರೆಗಳನ್ನು ಎಣಿಸುವಾಗ, ಹಸಿವಿಗೆ ಊರಿನ ಭಿಕ್ಷೆಯನ್ನು ಹೇಳಿದಂತೆ ಬಾಯಾರಿಕೆಗೆ ಕೆರೆ ಬಾವಿ ಹಳ್ಳಗಳನ್ನು ಹೇಳುತ್ತಾಳೆ. ಇಲ್ಲಿ ನೀರು ತೀರ್ಥವಲ್ಲ, ನೀರೇ. ಆದರೆ ಆ ನೀರಿನ ಮೇಲೆ ಆಕೆ ಇಟ್ಟಿರುವ ಭರವಸೆ ಎಷ್ಟು! ಯಾರ ಅಪ್ಪಣೆಯೂ ಇಲ್ಲದೆ, ಯಾರ ಜಾತಿಯನ್ನೂ ಕೇಳದೆ ದೊರಕುವ ವಸ್ತುವೆಂಬ ನಂಬಿಕೆ ಅದು. ನೀರನ್ನು ದೇವರೆಂದು ಹೊಗಳುವುದಕ್ಕಿಂತ ಇದು ದೊಡ್ಡ ಗೌರವವೆಂದು ನಾನು ಬಗೆಯುತ್ತೇನೆ.

ಸಿದ್ಧರಾಮೇಶ್ವರರ ಕೆರೆಯ ಪ್ರಸಂಗವೂ ಇಲ್ಲಿ ನೆನಪಾಗುತ್ತದೆ. ಸೊನ್ನಲಿಗೆಯಲ್ಲಿ ಕೆರೆ ಕಟ್ಟಿಸುತ್ತಿದ್ದ ಅವರನ್ನು ಅಲ್ಲಮಪ್ರಭುದೇವರು ಒಡ್ಡರಾಮನೆಂದು ಕರೆದು ಕೆಣಕಿದ ಕಥೆ ಶೂನ್ಯಸಂಪಾದನೆಯ ಓದುಗರಿಗೆಲ್ಲ ತಿಳಿದದ್ದೇ. ಪ್ರಭುದೇವರು ಅಲ್ಲಿ ಬೈದದ್ದು ಕೆರೆಯನ್ನಲ್ಲ, ಕೆರೆಯಿಂದ ಪುಣ್ಯ ಗಳಿಸುವೆನೆಂಬ ಕರ್ತೃತ್ವವನ್ನು. ಸೊಲ್ಲಾಪುರದಲ್ಲಿ ಆ ಕೆರೆ ಇಂದಿಗೂ ಇದೆ. ಇದಕ್ಕಿಂತ ಹೆಚ್ಚು ಹೇಳುವುದು ಬೇಡ.

ಇಷ್ಟೂ ಹೊತ್ತು ಹೊಳೆಯನ್ನು ದಡದಿಂದ ನೋಡಿದವರ ವಿಚಾರವಾಯಿತು. ಹೊಳೆಯೊಳಗೇ ಬದುಕಿದ ಶರಣರೊಬ್ಬರಿದ್ದಾರೆ. ಹರಿಹರದಿಂದ ಹೊಳೆಯ ಜಾಡು ಹಿಡಿದು ಕೆಳಗೆ ಹೋದರೆ, ಹಾವೇರಿ ಜಿಲ್ಲೆಯ ರಾಣೆಬೆನ್ನೂರು ತಾಲ್ಲೂಕಿನಲ್ಲಿ, ಗುತ್ತಲದ ಸಮೀಪ ಚೌಡಯ್ಯದಾನಪುರವೆಂಬ ಹಳ್ಳಿ ಸಿಗುತ್ತದೆ. ಗುತ್ತ ಅರಸರ ಕಾಲದ ಮುಕ್ತೇಶ್ವರ ದೇವಾಲಯವಿರುವ ಈ ಊರಿನ ದಡದಲ್ಲಿಯೇ ಅಂಬಿಗರ ಚೌಡಯ್ಯನವರ ಐಕ್ಯಸ್ಥಳವಿದೆ. ಶಿಲ್ಪಾಭ್ಯಾಸಿಗಳು ದೇವಾಲಯವನ್ನು ನೋಡಿ ಹಿಂದಿರುಗುತ್ತಾರೆ. ಸಾಹಿತ್ಯದ ವಿದ್ಯಾರ್ಥಿಗಳು ಅಲ್ಲಿಗೆ ಹೋಗುವುದು ಕಡಮೆ. ಹೋಗಬೇಕು.

ಚೌಡಯ್ಯನವರದೆಂದು ಉಪಲಬ್ಧವಿರುವ ವಚನಗಳು ಇನ್ನೂರೈವತ್ತಕ್ಕೂ ಹೆಚ್ಚು. ಅವರ ಬಗ್ಗೆ ಬರೆದವರೆಲ್ಲ ಅವರ ನಿಷ್ಠುರವಾದ, ಕೆಲವೊಮ್ಮೆ ಬಿರುಸಾದ ನುಡಿಯನ್ನು ಕುರಿತೇ ಬರೆದಿದ್ದಾರೆ. ಹೊಳೆ ದೋಣಿಗಳ ಮಾತು ಬಂದಲ್ಲಿ, ಅದು ಭವಸಾಗರದ ರೂಪಕವೆಂದು ಒಂದು ವಾಕ್ಯದಲ್ಲಿ ಹೇಳಿ ಮುಂದೆ ಸಾಗುತ್ತಾರೆ. ಭವಸಾಗರದ ರೂಪಕ ಭಾರತದ ಭಕ್ತಿಸಾಹಿತ್ಯದಲ್ಲೆಲ್ಲ ಸವೆದುಹೋದ ನಾಣ್ಯ. ದೋಣಿಯನ್ನೇ ಹತ್ತದವರೂ ಅದನ್ನು ಬಳಸಿದ್ದಾರೆ. ಚೌಡಯ್ಯನವರಲ್ಲಿ ಅದು ಸವೆಯದೆ ಉಳಿದಿರುವುದಕ್ಕೆ ಕಾರಣ ‘ಹುಟ್ಟು’ ಎಂಬ ಒಂದು ಪದ. ಕನ್ನಡದಲ್ಲಿ ಹುಟ್ಟು ಎಂದರೆ ಜನ್ಮವೂ ಹೌದು, ದೋಣಿ ನಡೆಸುವ ಸಾಧನವೂ ಹೌದು. ನಂಬಿದವರನ್ನು ಒಂದೇ ಹುಟ್ಟಿನಲ್ಲಿ ಆಚೆಗೆ ಮುಟ್ಟಿಸುವೆನೆಂದು ಅವರು ಪಂಥ ಕಟ್ಟುವಾಗ ಎರಡೂ ಅರ್ಥಗಳು ಒಮ್ಮೆಗೇ ಮೂಡುತ್ತವೆ. ಶ್ಲೇಷವೆಂದು ಅಲಂಕಾರಶಾಸ್ತ್ರದ ಹೆಸರು ಕೊಟ್ಟು ಇದನ್ನು ಮುಗಿಸಬಾರದು. ಪಂಡಿತಕವಿಯ ಶ್ಲೇಷವನ್ನು ನಿಘಂಟು ಒದಗಿಸುತ್ತದೆ. ಈ ಶ್ಲೇಷವನ್ನು ಕಾಯಕ ಒದಗಿಸಿದೆ.

ಈ ಹೊಳೆಯಲ್ಲಿ ಶತಮಾನಗಳಿಂದ ರೂಢಿಯಲ್ಲಿದ್ದ ದೋಣಿಯೆಂದರೆ ಹರಿಗೋಲು. 1520ರ ಸುಮಾರಿನಲ್ಲಿ ವಿಜಯನಗರಕ್ಕೆ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್, ಬುಟ್ಟಿಯಂತೆ ದುಂಡಗಿದ್ದು ಹೊರಗೆ ಚರ್ಮ ಹೊದಿಸಿದ ಇಂಥ ದೋಣಿಗಳಲ್ಲಿ ಜನ ಹೊಳೆ ದಾಟುತ್ತಿದ್ದುದನ್ನು ಬರೆದಿಟ್ಟಿದ್ದಾನೆ. ಹರಿಗೋಲಿಗೆ ಮುಂದು ಹಿಂದುಗಳಿಲ್ಲ. ಕೈ ಪಳಗದವನು ಒಂದು ಹುಟ್ಟು ಹಿಡಿದು ಅದರಲ್ಲಿ ಕುಳಿತರೆ ಅದು ಇದ್ದಲ್ಲಿಯೇ ಗಿರ್ರನೆ ತಿರುಗುತ್ತದೆ, ಮುಂದಕ್ಕೆ ಸಾಗುವುದಿಲ್ಲ. ಸೆಳವನ್ನು ಅರಿತು, ಎಲ್ಲಿ ನೀರಿನ ಓಟಕ್ಕೆ ಒಪ್ಪಿಸಬೇಕು, ಎಲ್ಲಿ ಅದನ್ನು ಎದುರಿಸಬೇಕು ಎಂಬುದನ್ನು ಬಲ್ಲವನು ಮಾತ್ರ ಒಂದೇ ಹುಟ್ಟಿನಿಂದ ಆಚೆಯ ದಡ ಸೇರಿಸಬಲ್ಲ. ಇದನ್ನು ಮನಸ್ಸಿನಲ್ಲಿಟ್ಟು ಆ ವಚನಗಳನ್ನು ಓದಿದರೆ, ಒಂದೇ ಹುಟ್ಟಿನ ಮಾತು ಹೆಮ್ಮೆಯ ಮಾತಾಗಿ ಕೇಳಿಸದೆ, ಕಸಬು ಬಲ್ಲವನ ಭರವಸೆಯ ಮಾತಾಗಿ ಕೇಳಿಸುತ್ತದೆ. ಜನ್ಮಜನ್ಮಾಂತರಗಳಲ್ಲಿ ಇದ್ದಲ್ಲಿಯೇ ಸುತ್ತುವವನ ಚಿತ್ರವೂ ತಾನಾಗಿಯೇ ಎದ್ದು ಕಾಣುತ್ತದೆ.

ಇನ್ನೊಂದು ಸೂಕ್ಷ್ಮವಿದೆ. ಅಂಬಿಗನಿಗೆ ಹೊಳೆ ಗುರಿಯಲ್ಲ, ಗುರಿ ಆಚೆಯ ದಡ. ತೀರ್ಥಯಾತ್ರಿಕನಾದರೋ ಹೊಳೆಯವರೆಗೆ ಬಂದು ಅಲ್ಲಿಗೇ ನಿಲ್ಲುತ್ತಾನೆ. ‘ತೀರ್ಥ’ವೆಂಬ ಸಂಸ್ಕೃತ ಶಬ್ದದ ಮೂಲಾರ್ಥವೇ ದಾಟುವ ಜಾಗ, ಕಡವು ಎಂಬುದನ್ನು ಇಲ್ಲಿ ಸ್ಮರಿಸಬೇಕು. ಕಡವಿನಲ್ಲಿ ದಾಟುವುದನ್ನು ಬಿಟ್ಟು ಮುಳುಗುವುದನ್ನೇ ದೊಡ್ಡದೆಂದವರು ಆ ಶಬ್ದದ ಅರ್ಥವನ್ನು ಮರೆತರು. ದಿನವೂ ನಾಲ್ಕಾರು ಬಾರಿ ಜನರನ್ನು ದಾಟಿಸುತ್ತಿದ್ದ ಅಂಬಿಗನಿಗೆ ಅದನ್ನು ಮರೆಯುವುದು ಸಾಧ್ಯವಿರಲಿಲ್ಲ. ಬಸವಣ್ಣನವರು ವಾದದಿಂದ ತಲುಪಿದ ನಿಲುವನ್ನು ಚೌಡಯ್ಯನವರು ಕಾಯಕದಿಂದ ತಲುಪಿದರು. ಅಂಬಿಗನಿಗೆ ನೀರಿನ ಮೇಲೆ ಭಯವಿರುತ್ತದೆ, ಗೌರವವಿರುತ್ತದೆ, ಋಣವಿರುತ್ತದೆ, ಭ್ರಾಂತಿ ಇರುವುದಿಲ್ಲ. ತೀರ್ಥವಿಮರ್ಶೆಯ ವಚನಗಳನ್ನು ಓದುವ ಸರಿಯಾದ ಮನೋಧರ್ಮ ಇದೇ ಎಂದು ನಾನು ಸೂಚಿಸಬಯಸುತ್ತೇನೆ.

ಹರಿಹರದ ಕಡೆಗೆ ಮರಳೋಣ. ಕಲ್ಯಾಣದ ಕ್ರಾಂತಿ ನಡೆದು ಅರುವತ್ತು ವರ್ಷ ಕಳೆಯುವಷ್ಟರಲ್ಲಿ, 1223-24ರ ಸುಮಾರಿಗೆ, ಹೊಯ್ಸಳ ಇಮ್ಮಡಿ ನರಸಿಂಹನ ದಂಡನಾಯಕ ಪೊಲಾಳ್ವನು ಈ ದಡದಲ್ಲಿ ಹರಿಹರೇಶ್ವರ ದೇವಾಲಯವನ್ನು ಕಟ್ಟಿಸಿದನು. ಸ್ಥಾವರವನ್ನು ಪ್ರಶ್ನಿಸಿದ ವಚನಗಳ ಶತಮಾನವನ್ನು ಹಿಂಬಾಲಿಸಿ ಇಷ್ಟು ದೊಡ್ಡ ಸ್ಥಾವರ ಎದ್ದು ನಿಂತಿತು. ಅರ್ಧ ಹರಿ, ಅರ್ಧ ಹರನಾದ ಆ ಮೂರ್ತಿಯ ಮುಂದೆ ನಿಂತಾಗ ನನಗೆ ಬರುವ ಯೋಚನೆಯೇ ಬೇರೆ. ಪುರಾಣದ ಗಂಗೆ ಹೊರಡುವುದು ಹರಿಯ ಪಾದದಿಂದ, ಇಳಿಯುವುದು ಹರನ ಜಡೆಗೆ. ಎರಡೂ ಒಂದೇ ಮೂರ್ತಿಯಲ್ಲಿದ್ದ ಮೇಲೆ ಗಂಗೆ ಎಲ್ಲಿಂದ ಎಲ್ಲಿಗೆ ಹರಿಯಬೇಕು? ದೇವಾಲಯದ ಹೊರಗೆ ಹರಿಯುವ ಹೊಳೆಯೇ ಅದಕ್ಕೆ ಉತ್ತರವೆಂದುಕೊಳ್ಳುತ್ತೇನೆ. ‘ತುಂಗಾ ಪಾನ, ಗಂಗಾ ಸ್ನಾನ’ ಎಂಬ ನಮ್ಮ ಗಾದೆ ಗಂಗೆಗೆ ಸ್ನಾನವನ್ನು ಬಿಟ್ಟುಕೊಟ್ಟು ತುಂಗೆಗೆ ಪಾನವನ್ನು ಉಳಿಸಿಕೊಂಡಿದೆ. ಈ ಹೊಳೆಯ ಹಿರಿಮೆ ಕುಡಿಯುವುದರಲ್ಲಿ. ಅಕ್ಕನ ವಚನದ ದೃಷ್ಟಿಗೂ ಈ ಗಾದೆಯ ದೃಷ್ಟಿಗೂ ಏನೂ ಅಂತರವಿಲ್ಲ.

ಆ ಪಾನದ ಗತಿ ಈಗ ಏನಾಗಿದೆ? ಹರಿಹರದ ಎದುರು ದಡದ ಕುಮಾರಪಟ್ಟಣದಲ್ಲಿ ಕೃತಕ ನಾರಿಗೆ ಬೇಕಾದ ತಿರುಳನ್ನು ತಯಾರಿಸುವ ಕಾರ್ಖಾನೆ 1972ರಲ್ಲಿ ಆರಂಭವಾಯಿತು. 1980ರ ದಶಕದಲ್ಲಿ ಹೊಳೆಯ ಮೀನುಗಳು ರಾಶಿಯಾಗಿ ಸತ್ತು ತೇಲಿದಾಗ ದಡದ ಹಳ್ಳಿಗಳ ಜನ ಎಚ್ಚೆತ್ತರು. 1984ರಲ್ಲಿ ಸ್ಥಾಪನೆಯಾದ ಸಮಾಜ ಪರಿವರ್ತನ ಸಮುದಾಯ ಈ ಹೋರಾಟದ ಮುಂಚೂಣಿಯಲ್ಲಿ ನಿಂತಿತು. ಅಂದು ಮೊದಲು ಕೆಟ್ಟದ್ದು ಮೀನುಗಾರರ, ಅಂಬಿಗರ ಬದುಕು, ಅಂದರೆ ಚೌಡಯ್ಯನವರ ಕುಲದವರ ಬದುಕು ಎಂಬುದನ್ನು ವಚನಾಭ್ಯಾಸಿಗಳು ಗಮನಿಸಿದಂತಿಲ್ಲ. 2018ರಲ್ಲಿ ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿ ದೇಶದಲ್ಲಿ ಗುರುತಿಸಿದ 351 ಮಲಿನ ನದೀಪಾತ್ರಗಳಲ್ಲಿ ತುಂಗಭದ್ರೆಯ ಹರಿಹರದಿಂದ ಕೊರ್ಲಹಳ್ಳಿಯವರೆಗಿನ ಪಾತ್ರವೂ ಸೇರಿತ್ತು. ಚೌಡಯ್ಯದಾನಪುರ ಇರುವುದು ಈ ಎರಡು ಊರುಗಳ ನಡುವೆ.

ಕಾರ್ಖಾನೆಯನ್ನು ಮಾತ್ರ ದೂರಿ ನಾವು ಪಾರಾಗುವಂತಿಲ್ಲ. ಸೂಳೆಕೆರೆಯಿಂದ ಹರಿದು ಬರುವ ಹರಿದ್ರೆ ಹರಿಹರದ ಬಳಿ ತುಂಗಭದ್ರೆಯನ್ನು ಕೂಡುತ್ತಾಳೆ. ಅಂದರೆ ಹರಿಹರವೂ ಒಂದು ಕೂಡಲ. ಅದೇ ಜಾಗದ ಆಸುಪಾಸಿನಲ್ಲಿ ಊರಿನ ಚರಂಡಿಯ ನೀರೂ ಹೊಳೆಗೆ ಕೂಡಿಕೊಳ್ಳುತ್ತದೆ. ಹಬ್ಬದ ದಿನ ದೇವರ ಪಲ್ಲಕ್ಕಿಗಳನ್ನು ಹೊಳೆಗೆ ತಂದು ಮೀಯಿಸಿದವರೇ ಹಳೆಯ ಹೂವಿನ ಹಾರ, ಹರಕು ಬಟ್ಟೆ, ಪ್ಲಾಸ್ಟಿಕ್ ಚೀಲ, ಒಡೆದ ಪಟಗಳನ್ನು ಅಲ್ಲಿಯೇ ಬಿಟ್ಟು ಹೋಗುತ್ತಾರೆ. ಘಟ್ಟದ ಮೇಲೆ ನಿಂತು ನೋಡಿದರೆ, ನೀರನ್ನು ಪಾವನವೆಂದು ನಂಬಿದ ಕಾರಣದಿಂದಲೇ ಅದರಲ್ಲಿ ಏನನ್ನು ಹಾಕಿದರೂ ಅದು ತಾನೇ ತೊಳೆದುಕೊಳ್ಳುತ್ತದೆಯೆಂಬ ಧೈರ್ಯ ಜನರಿಗೆ ಬಂದಿರುವುದು ಸ್ಪಷ್ಟವಾಗುತ್ತದೆ. ಬಸವಣ್ಣನವರು ಕಂಡ ಭ್ರಾಂತಿ ಇದೇ. ಬತ್ತುವುದನ್ನು ಬತ್ತದೆಂದು ನಂಬುವಂತೆ, ಕೆಡುವುದನ್ನು ಕೆಡದೆಂದು ನಂಬುವುದು. ಇಲ್ಲಿಯವರೆಗೆ, ಇಷ್ಟು ಮೆಟ್ಟಿಲುಗಳವರೆಗೆ ತೀರ್ಥ, ಅದರಾಚೆ ಯಾರದೋ ನೀರು ಎಂಬ ಭೇದಬುದ್ಧಿ ಇರುವವರೆಗೆ ಈ ಧೈರ್ಯ ಹೋಗುವುದಿಲ್ಲ.

ಈಚೆಗೆ ಹರಿಹರದಲ್ಲಿ ತುಂಗಾರತಿಯ ಮಾತು ಎದ್ದಿದೆ. ಕಾಶಿಯ ಗಂಗಾರತಿಯ ಮಾದರಿಯಲ್ಲಿ ತುಂಗಭದ್ರೆಗೂ ಆರತಿ ನಡೆಯಬೇಕೆಂದು ದಡದಲ್ಲಿ 108 ಯೋಗಮಂಟಪಗಳ ಯೋಜನೆಗೆ 2022ರ ಫೆಬ್ರವರಿಯಲ್ಲಿ ಆಗಿನ ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿಯವರು ಶಂಕುಸ್ಥಾಪನೆ ಮಾಡಿದರು. ಅಲ್ಲಿನ ಪಂಚಮಸಾಲಿ ಪೀಠದ ಸ್ವಾಮಿಗಳು ಈ ಯೋಜನೆಗೆ ಬೆಂಬಲವಾಗಿ ನಿಂತರು. ವೀರಶೈವ ಪೀಠವೊಂದು ನದೀಪೂಜೆಗೆ ಮುಂದಾಗಬಹುದೇ ಎಂದು ನಮ್ಮವರಲ್ಲಿಯೇ ಕೆಲವರು ಹುಬ್ಬೇರಿಸಿದ್ದಾರೆ. ವಚನಗಳನ್ನು ಮುಂದೆ ಹಿಡಿದು ವಿರೋಧಿಸುತ್ತಾರೆ. ನನಗೆ ಆರತಿಯ ಮೇಲೆ ದ್ವೇಷವಿಲ್ಲ. ಬಾಳೆಹೊನ್ನೂರಿನ ರಂಭಾಪುರಿ ಪೀಠವಿರುವುದು ಭದ್ರೆಯ ದಡದಲ್ಲಿ. ಹೊಳೆಗೂ ನಮ್ಮ ಮಠಗಳಿಗೂ ಇರುವ ನಂಟು ಹೊಸದಲ್ಲ. ಕಾಶಿಯ ದಶಾಶ್ವಮೇಧ ಘಟ್ಟದಲ್ಲಿ ಇಂದು ನಾವು ಕಾಣುವ ರೂಪದ ಆರತಿ 1990ರ ದಶಕದಲ್ಲಿ ಬೆಳೆದದ್ದು. ಪುರಾತನವೆಂದು ಅದಕ್ಕೆ ತಲೆಬಾಗಬೇಕಾಗಿಲ್ಲ, ಹೊಸದೆಂದು ತೆಗೆದುಹಾಕಬೇಕಾಗಿಯೂ ಇಲ್ಲ. ನನ್ನ ಆಕ್ಷೇಪವಿರುವುದು ಮಾದರಿಯ ಆಯ್ಕೆಯಲ್ಲಿ. ಚೌಡಯ್ಯನವರು ಬಾಳಿ ಐಕ್ಯರಾದ ಹೊಳೆಯ ದಡದಲ್ಲಿ ನಿಂತು ಮಾದರಿಗಾಗಿ ಕಾಶಿಯತ್ತ ನೋಡುವುದೇಕೆ? ಅಗ್ಘವಣಿಯನ್ನು ಹೊತ್ತು ತಂದವನ ಹೆಗಲಿಗೆ ಮರ್ಯಾದೆ ಕೊಟ್ಟ ಪರಂಪರೆಗೆ, ಆ ನೀರನ್ನು ಹೊರಲು ಯೋಗ್ಯವಾಗಿ ಇಡುವುದೇ ಮೊದಲ ಪೂಜೆಯಾಗಬೇಕಲ್ಲವೆ? ಚರಂಡಿಯ ನೀರನ್ನು ಶುದ್ಧಿಮಾಡಿ ಬಿಡುವ ಘಟಕದ ಮುಂದೆ ಒಂದು ದೀಪ ಹಚ್ಚಿಟ್ಟರೆ ಅದನ್ನು ಆರತಿಯೆಂದು ಒಪ್ಪಲು ನನಗೆ ಏನೂ ಅಡ್ಡಿಯಿಲ್ಲ. ವಿದ್ವಾಂಸರು ನಕ್ಕರೆ ನಗಲಿ.

ವಚನಗಳನ್ನು ಕಲಿಸುವ ಅಧ್ಯಾಪಕರಲ್ಲಿ ಒಂದು ವಿನಂತಿ. ತೀರ್ಥನಿಂದೆಯ ವಚನವನ್ನು ಪಾಠ ಹೇಳುವ ದಿನ ಅದರ ಜೊತೆಗೆ ಜಲ ಒಂದೇ ಎಂಬ ವಚನವನ್ನೂ, ಅಕ್ಕನ ಬಾಯಾರಿಕೆಯ ವಚನವನ್ನೂ, ಚೌಡಯ್ಯನವರ ಹುಟ್ಟಿನ ವಚನವನ್ನೂ ಒಟ್ಟಿಗೆ ಓದಿಸಿರಿ. ಸಾಧ್ಯವಿದ್ದರೆ ಮಕ್ಕಳನ್ನು ಒಂದು ದಿನ ಚೌಡಯ್ಯದಾನಪುರಕ್ಕೆ ಕರೆದೊಯ್ಯಿರಿ. ಅಲ್ಲಿಯ ದಡದಲ್ಲಿ ನಿಂತಾಗ ಹರಿಹರ ಹೊಳೆಯ ಮೇಲುಗಡೆಗೆ ಉಳಿಯುತ್ತದೆ. ಅಲ್ಲಿ ಸಂಜೆ ಎಲೆಯ ದೊನ್ನೆಯಲ್ಲಿಟ್ಟು ತೇಲಿಬಿಟ್ಟ ದೀಪವಾಗಲಿ, ಚರಂಡಿಯಿಂದ ಬಿಟ್ಟ ನೀರಾಗಲಿ, ದಾರಿಯಲ್ಲಿ ತಡೆಯದೆ ಹೋದರೆ ಬಂದು ಸೇರುವುದು ಈ ದಡಕ್ಕೇ.